ಜಾಯಿಂಟ್‌ಗೆ ಕನ್ನಡದಾಗೆ ಏನಂತೀರಿ? ಚಾರ್ಟ್ ಬರೀಬೇಕು, ಹೇಳ್ರಿ

ವರ್ಕ್‌ಶಾಪ್ ಮೇಷ್ಟ್ರು, ಬಳ್ಳಾರಿ
ಎಲ್ರಿಗೂ ನಮಸ್ಕಾರ. ನಾನು ಬಳ್ಳಾರಿ ಕಡೆ ಒಂದು ಐಟಿಐಯಲ್ಲಿ ಪಾಠ ಮಾಡ್ತೀನಿ. ಫಿಟ್ಟರ್, ವೆಲ್ಡರ್, ಎಲೆಕ್ಟ್ರಿಷಿಯನ್, ಪ್ಲಂಬರ್, ಬಡಿಗೆ ಕೆಲಸ, ಎಲ್ಲಾ ಟ್ರೇಡಿನ ಹುಡುಗ್ರೂ ಒಂದೇ ಹಾಲ್‌ಗೆ ಬರ್ತಾರೆ. ಅಲ್ಲಿ ಗೋಡೆಗೆ ಕನ್ನಡದ ಚಾರ್ಟ್ ಹಾಕೋಣ ಅಂತ ಹೊರಟೆ. ಮೊದಲ್ನೇ ಹಾಳೆ ಜಾಯಿಂಟ್‌ಗಳದ್ದು. ಯಾರೋ ಕಂಪ್ಯೂಟರ್‌ಗೆ ಹಾಕಿ ಅನುವಾದ ಮಾಡಿದ ಪಟ್ಟಿ ಕೈಗೆ ಬಂತು. ಅದ್ರಾಗೆ ಎಲ್ಲಾದಕ್ಕೂ ‘ಜೋಡಣೆ’. ವೆಲ್ಡಿಂಗೂ ಜೋಡಣೆ, ಕದದ ಹಿಂಜೂ ಜೋಡಣೆ, ವೈರ್ ತಿರುಚೋದೂ ಜೋಡಣೆ. ಹೋಗ್ಲಿ ಬಿಡು ಅಂದ್ರೆ, ಪೈಪಿನ ಯೂನಿಯನ್‌ಗೆ ‘ಕಾರ್ಮಿಕ ಸಂಘ’ ಅಂತ ಬಂದೈತೆ! ಓದಿದ ಹುಡುಗ ಎದ್ದು ನಿಂತು, ‘ಸರ್, ಅರ್ಧ ಇಂಚಿನ ಕಾರ್ಮಿಕ ಸಂಘಕ್ಕೆ ಅಂಗಡೀಲಿ ರೇಟ್ ಎಷ್ಟೈತೆ?’ ಅಂದ. ಆವತ್ತಿನ ಪಾಠ ಅಲ್ಲಿಗೇ ಮುಗೀತು.

ನಿಮ್ಮ ನಿಮ್ಮ ಕೆಲಸದಾಗೆ ಎರಡು ಸಾಮಾನು ಒಂದು ಮಾಡೋದಕ್ಕೆ ಬಾಯಲ್ಲಿ ಏನಂತೀರಿ? ನಿಘಂಟಿನ ಪದ ನನ್ನ ಹತ್ರಾನೂ ಅದಾವೆ. ಬಾಯಲ್ಲಿರೋದು ಬೇಕು.

ಗಡಿಗಿ ಚೆನ್ನಪ್ಪ ಸರ್ಕಲ್ ಗೆಳೆಯ
ಜೋಡಣೆ ಅಂತಾನೇ ಬಿಡ್ರಿ ಸರ್. ಹುಡುಗ್ರು ಪಾಸಾದ್ರೆ ಸಾಕು.

ಹಾಸುಹೊಕ್ಕು, ಕುಷ್ಟಗಿ
ಜೋಡಣೆ ಅಂದ್ರ ಬಾಜೂ ಬಾಜೂಕ ಇಟ್ಟಂಗ ಆತು, ಅಷ್ಟ. ಕಾಲಾಗ ಹಾಕ್ಕೊಳ್ಳೋದೂ ಜೋಡೇ. ಎಡಗಾಲಿಂದಕ್ಕ ಬಲಗಾಲಿಂದು ಅಂಟಿಕೊಂಡಿರತೈತೇನು? ಅಂಟಿದ್ರ ನಾಕ ಹೆಜ್ಜಿಗೆ ಮುಗ್ಗರಿಸಿ ಬೀಳ್ತೀರಿ. ನಮ್ಮ ಮಗ್ಗದ ಮಾತು ಬ್ಯಾರೆನ ಐತಿ, ರಾತ್ರಿ ಬರೀತೀನಿ. ಈಗ ಕೈಯಾಗ ಕೆಲಸ ಐತಿ.

ಮೈಸೂರಿಂದ ಬಂದವಳು
ಪದದ ವಿಚಾರ ಬಂತಲ್ಲ, ನನ್ನದೊಂದು ಕಥೆ ಕೇಳಿ. ಗಂಗಾವತಿ ಹತ್ತಿರದ ಹಳ್ಳಿ ಶಾಲೆಗೆ ಬಂದ ಮೊದಲ ವಾರ. ಮೂರನೇ ತರಗತಿ. ಬೋರ್ಡಿನ ಮೇಲೆ 24, ಅದರ ಕೆಳಗೆ 38 ಬರೆದು, ಒಬ್ಬ ಹುಡುಗನನ್ನು ಕರೆದು ಸೀಮೆಸುಣ್ಣ ಕೊಟ್ಟು ‘ಕೂಡು’ ಅಂದೆ. ಅವನು ಬೋರ್ಡಿನ ಬುಡದಲ್ಲೇ ನೆಲದ ಮೇಲೆ ಕೂತ. ‘ಅಯ್ಯೋ, ಕೂಡೋ ಮಾರಾಯ’ ಅಂದೆ. ಇನ್ನೂ ಸರಿಯಾಗಿ ಚಕ್ಕಳಮಕ್ಕಳ ಹಾಕಿಕೊಂಡ. ಮುಖದಲ್ಲಿ ಗಾಬರಿ, ಇನ್ನು ಹೇಗೆ ಕೂಡೋದು ಅಂತ. ಪಕ್ಕದ ತರಗತಿಯ ಮಾಸ್ತರು ಬಾಗಿಲಲ್ಲಿ ನಿಂತು ನೋಡ್ತಿದ್ದವರು ‘ಬೆರೀಜ ಮಾಡಲೇ’ ಅಂದರು. ಎದ್ದವನೇ 62 ಬರೆದುಬಿಟ್ಟ.

ದೇವದುರ್ಗ ದೇವ್ರಾಣೆ
ತಪ್ಪು ನಿಮ್ಮದೇ ಅದ ಟೀಚರ್ರಿ. ಹುಡುಗ ಎರಡು ಸಲ ಹೇಳಿದ್ದು ಕೇಳ್ಯಾನ.

ನಿವೃತ್ತ ಮಾಸ್ತರ, ರಾಯಚೂರು
ಟೀಚರ್ ಹೇಳಿದ ‘ಕೂಡು’ವಿನ ಕುಟುಂಬ ದೊಡ್ಡದು. ಕೂಟ, ಒಕ್ಕೂಟ, ಕೂಡ, ಕೂಡಲೆ, ಕೂಡುಕುಟುಂಬ. ನದಿ ನದಿ ಕೂಡಿದಲ್ಲಿ ಕೂಡಲಿ. ತುಂಗೆಗೆ ಭದ್ರೆ ಸೇರುವ ಊರಿನ ಹೆಸರೇ ಅದು, ಶಿವಮೊಗ್ಗ ಜಿಲ್ಲೆಯಲ್ಲಿದೆ. ಕೃಷ್ಣೆಗೆ ಮಲಪ್ರಭೆ ಸೇರುವಲ್ಲಿ ಕೂಡಲಸಂಗಮ. ಆ ಹೆಸರಿನಲ್ಲಿ ಕನ್ನಡದ ಕೂಡಲೂ ಸಂಸ್ಕೃತದ ಸಂಗಮವೂ ಒಂದೇ ಅರ್ಥವನ್ನು ಎರಡು ಸಲ ಹೇಳುತ್ತವೆ, ನಾವು ಗೇಟ್ ಬಾಗಿಲು ಅಂದ ಹಾಗೆ.

ಆದರೆ ಮೇಷ್ಟ್ರು ಕೇಳಿದ ಜಾಯಿಂಟ್‌ಗೆ ಎಲ್ಲ ವಿದ್ಯೆಯಲ್ಲೂ ಓಡಾಡಿರುವ ಪದ ಅಂದರೆ ಸಂಧಿ. ವ್ಯಾಕರಣದವರಿಗೆ ಅಕ್ಷರ ಅಕ್ಷರ ಸೇರಿದರೆ ಸಂಧಿ. ಊರು ಪ್ಲಸ್ ಅಲ್ಲಿ, ಉಕಾರ ಬಿದ್ದು ಊರಲ್ಲಿ ಆಯಿತು, ಲೋಪಸಂಧಿ. ವೈದ್ಯರಿಗೆ ಮೂಳೆ ಮೂಳೆ ಸೇರುವ ಜಾಗ ಸಂಧಿ. ಅಲ್ಲಿ ನೋವು ಹಿಡಿದರೆ ಸಂಧಿವಾತ, ಅದು ನನ್ನ ಎರಡೂ ಮೊಣಕಾಲಿಗೆ ಚೆನ್ನಾಗಿ ಗೊತ್ತು. ಅರಸರು ಜಗಳ ನಿಲ್ಲಿಸಿದರೆ ಸಂಧಿ. ಹಗಲಿಗೆ ರಾತ್ರಿ ತಾಗುವ ಹೊತ್ತು ಸಂಧ್ಯಾ, ಅದೇ ನಮ್ಮ ಸಂಜೆ. ಇನ್ನು ಕುಮಾರವ್ಯಾಸ ತನ್ನ ಭಾರತದ ಪರ್ವಗಳನ್ನು ಸಂಧಿ ಸಂಧಿಯಾಗಿ ಭಾಗ ಮಾಡಿದ. ಗಮನಿಸಿ, ಇಲ್ಲಿಗೆ ಬಂದಾಗ ಭಾಗ ಮಾಡುವುದಕ್ಕೂ ಅದೇ ಪದ ಆಯಿತು. ಬಾಯಿಮಾತಿಗೆ ಇಳಿದಾಗ ಸಂದಿ. ಎರಡು ಮನೆ ನಡುವಿನ ಇಕ್ಕಟ್ಟು ಸಂದಿ. ಹಲ್ಲಿನ ಸಂದಿ, ಬಾಗಿಲ ಸಂದಿ, ಸಂದಿಗೊಂದಿ. ಕೂಡಿಸುವ ಪದವೇ ಬಿರುಕಿನ ಪದ!

ನಮ್ಮ ರಾಯಚೂರು ನೋಡಿ. ಈ ಕಡೆ ಕೃಷ್ಣೆ, ಆ ಕಡೆ ತುಂಗಭದ್ರೆ. ಇವೆರಡು ಕೂಡುವುದು ನಮ್ಮನ್ನು ದಾಟಿದ ಮೇಲೆ, ಆಲಂಪುರದ ಹತ್ತಿರ. ನಡುವಿನ ನೆಲಕ್ಕೆ ದೋಆಬ್ ಅಂತ ಪಾರಸಿ ಹೆಸರು, ‘ಎರಡು ನೀರು’ ಅಂತ. ಶುದ್ಧ ಕನ್ನಡದಲ್ಲಿ ಹೇಳುವುದಾದರೆ ನಾವು ಸಂದಿಯಲ್ಲಿರುವ ಜನ.

ಕೌಲ್‌ಬಜಾರ್ ಕಾಕಾ
ಮಾಸ್ತರ್ರೆ, ಸಂಧಿ ಬೇರೆ ಸಂದಿ ಬೇರೆ. ಬಾಲ ಕಿತ್ತ ಮಾತ್ರಕ್ಕೆ ಎರಡೂ ಒಂದೇ ಆಗ್ತವಾ?

ನಿವೃತ್ತ ಮಾಸ್ತರ, ರಾಯಚೂರು
ವಿಧಿ ಬಿದಿ ಆಗಿದೆ, ನಿಧಿ ನಿದಿ ಆಗಿದೆ. ಸಂಧಿ ಸಂದಿ ಆದರೆ ತಮಗೇನು ತಕರಾರು? ಎಲ್ಲವೂ ತದ್ಭವ. ಮಹಾಪ್ರಾಣದ ಬಾಲ ನಾವು ಕನ್ನಡಿಗರು ಉದ್ದಕ್ಕೂ ಕಿತ್ತುಕೊಂಡೇ ಬಂದಿದ್ದೇವೆ.

ಕೌಲ್‌ಬಜಾರ್ ಕಾಕಾ
ಆದ್ರೂ ಸೇರಿದ ಜಾಗ ಹೆಂಗ್ರೀ ಬಿರುಕು ಆಗ್ತದೆ. ಪುಸ್ತಕದ ಮಾತಿದು.

ಗ್ಯಾಂಗ್‌ಮನ್ ಮಗ
ಕಾಕಾ, ರೈಲು ಹಳಿ ಹತ್ರ ಬಂದು ನಿಂತು ನೋಡ್ರಿ, ತಿಳೀತದ. ನಮ್ಮಪ್ಪ ಹಳಿ ಮ್ಯಾಲ ಮೂವತ್ತು ವರ್ಷ ನಡೆದಾನ. ಹಳೆ ಕಾಲದ ಜಾಯಿಂಟ್ ಅಂದ್ರ ಎರಡು ಹಳಿ ತುದಿ ಎದುರುಬದುರು, ಎರಡೂ ಮಗ್ಗಲಿಗೆ ಫಿಶ್ ಪ್ಲೇಟು ಅನ್ನೋ ಉಕ್ಕಿನ ಪಟ್ಟಿ, ಬೋಲ್ಟು. ಆದ್ರ ತುದಿಗೆ ತುದಿ ತಾಗಸಂಗಿಲ್ಲ, ಸಂದಿ ಬಿಡಲೇಬೇಕು. 13 ಮೀಟರ್ ಹಳಿ 40 ಡಿಗ್ರಿ ಬಿಸಿ ಏರಿದ್ರ ಸುಮಾರು 6 ಮಿಲಿಮೀಟರ್ ಉದ್ದ ಆಗ್ತದ. ರಾಯಚೂರು ಬ್ಯಾಸಿಗಿ ನಿಮಗ ಹೇಳಬೇಕಾ? ಸಂದಿ ಇಲ್ಲಂದ್ರ ಹಳಿ ಹಾವಿನಂಗ ಸೊಟ್ಟ ಆಗ್ತದ. ಗಾಡಿ ಕಟಕ್ ಕಟಕ್ ಅಂತಿದ್ದದ್ದು ಆ ಸಂದಿ ದಾಟೋ ಸಪ್ಪಳ. ಅಲ್ಲಿ ಜಾಯಿಂಟ್ ಅಂದ್ರೂ ಅದೇ, ಸಂದಿ ಅಂದ್ರೂ ಅದೇ. ಈಗ ಥರ್ಮಿಟ್ ಹಾಕಿ ಉದ್ದಕ್ಕ ಬೆಸೀತಾರ, ಅಲ್ಯೂಮಿನಿಯಂ ಪುಡಿ, ಕಬ್ಬಿಣದ ಆಕ್ಸೈಡು, ಬೆಂಕಿ ಹಚ್ಚಿದ್ರ ಕುದಿಯೋ ಉಕ್ಕು ಅಚ್ಚಿಗಿ ಇಳೀತದ. ಸಪ್ಪಳ ಹೋತು. ನಮ್ಮಪ್ಪಗ ಈಗ ಗಾಡಿಯಾಗ ನಿದ್ದಿ ಬರಂಗಿಲ್ಲ.

ಜಾಯಿಂಟ್ ಮಾತು ಬಂತಂತ ಇದೊಂದು ಹೇಳ್ತೀನಿ. ಮುಂಬೈ ಕಡಿಂದ ಬಂದ ಜಿಐಪಿ ರೈಲ್ವೆ ಕಂಪನಿ ಲೈನು, ಮದ್ರಾಸ್ ಕಡಿಂದ ಬಂದ ಲೈನು, ಎರಡೂ ಕೂಡಿದ್ದು ನಮ್ಮ ರಾಯಚೂರಾಗ, 1871ರಾಗ. ಮುಂಬೈಗೂ ಮದ್ರಾಸಿಗೂ ಗಂಟು ಬಿದ್ದದ್ದು ಇಲ್ಲೇ.

ದೇವದುರ್ಗ ದೇವ್ರಾಣೆ
ಗಂಟು ಹಾಕಿದೋರು ನಾವು, ಸೀಟು ಸಿಗೋದು ಅವರಿಗೆ.

ಕೌಲ್‌ಬಜಾರ್ ಕಾಕಾ
ಹಳಿ ವಿಚಾರ ಒಪ್ಪಿದೆ. ವ್ಯಾಕರಣ ಇನ್ನೂ ಒಪ್ಪಿಲ್ಲ.

ತೋರಣಗಲ್ಲು ವೆಲ್ಡರ್
ಮೇಷ್ಟ್ರೇ, ನಿಜ ಹೇಳ್ಬೇಕಂದ್ರೆ ‘ಬೆಸುಗೆ’ ಅಂತ ನಾನು ಸೈಟ್‌ನಾಗೆ ಒಬ್ಬನ ಬಾಯಲ್ಲೂ ಕೇಳಿಲ್ಲ. ‘ವೆಲ್ಡಿಂಗ್ ಹೊಡಿ’, ‘ಟ್ಯಾಕ್ ಹಾಕು’, ‘ರೂಟ್ ರನ್ ಎಳಿ’, ಇಷ್ಟೇ. ಬಟ್, ಲ್ಯಾಪ್, ಟೀ, ಕಾರ್ನರ್, ಎಡ್ಜ್ ಅಂತ ಐದು ಥರ ಜಾಯಿಂಟ್ ಅದಾವೆ, ಬಿಹಾರದ ಹುಡುಗನಿಗೂ ಅದೇ, ಸಂಡೂರು ಹುಡುಗನಿಗೂ ಅದೇ ಹೆಸರು. ಚಾರ್ಟ್‌ನಾಗೆ ‘ಬೆಸುಗೆ’ ಬರೀರಿ, ಬೇಡ ಅನ್ನಲ್ಲ, ಚೆಂದ ಐತೆ ಪದ. ಪಕ್ಕದಲ್ಲಿ ವೆಲ್ಡಿಂಗ್ ಅಂತಾನೂ ಬರೀರಿ. ಇಲ್ಲಾಂದ್ರೆ ನಿಮ್ಮ ಹುಡುಗ ಮೊದಲ್ನೇ ದಿನ ಕೆಲಸಕ್ಕೆ ಬಂದು ‘ಬೆಸುಗೆ ಎಲ್ಲಿ ಹಾಕ್ಲಿ’ ಅಂದ್ರೆ ಸೂಪರ್‌ವೈಸರ್ ಅವನನ್ನ ಮದುವೆ ಮನೆಗೆ ಕಳಿಸ್ತಾನೆ.

ಇನ್ನೊಂದು. ಜಾಯಿಂಟ್‌ಗೆ ಪದ ಹುಡುಕೋಕೆ ಮುಂಚೆ ಒಂದು ಪ್ರಶ್ನೆ ಕೇಳ್ರಿ: ಬಿಚ್ಚೋಕೆ ಬರ್ತದೋ ಇಲ್ವೋ? ಬೋಲ್ಟ್ ಆದ್ರೆ ಬಿಚ್ಚಬಹುದು. ವೆಲ್ಡ್ ಆದ್ರೆ ಕಟ್ ಮಾಡ್ಬೇಕು. ಕೆಲಸಗಾರನಿಗೆ ಮೊದ್ಲು ಬೇಕಾದ್ದು ಅದು. ನಿಮ್ಮ ‘ಜೋಡಣೆ’ ಅದನ್ನ ಹೇಳೋದೇ ಇಲ್ಲ.

ಪತ್ತಾರ ಮನಿ ಹುಡುಗ, ಕೊಪ್ಪಳ
ನಮ್ಮಲ್ಲೆ ಬೆಸೀತೀವಿ ಅಂತಾನ ಅಂತೀವಿ ನೋಡ್ರಿ. ಬೆಸುಗಿ ನಮ್ಮ ಪದ, ನೀವು ಬಿಟ್ರ ನಾವು ಬಿಡಂಗಿಲ್ಲ. ಕಿವ್ಯಾಗಿನ ಝುಮುಕಿ ಕೊಂಡಿ ಕಿತ್ತು ಬಂತಂದ್ರ, ಬಿಳಿಗಾರ ಅರದು ಹಚ್ಚಿ, ಅದರ ಮ್ಯಾಲ ಸಾಸಿವಿಕಾಳಷ್ಟು ಬೆಸುಗಿ ಚೂರು ಇಟ್ಟು, ಊದುಗೊಳವಿಲೆ ಊದಬೇಕು. ಬೆಸುಗಿ ಚೂರು ಬಂಗಾರಕ್ಕಿಂತ ಮೊದಲ ಕರಗಬೇಕು. ಮಿಂಚಿದಂಗ ಓಡ್ತೈತಿ, ಅಷ್ಟರಾಗ ಬೆಂಕಿ ತಗೀಬೇಕು. ಒಂದು ಉಸುರು ಹೆಚ್ಚಾತಂದ್ರ ಝುಮುಕಿ ಪೂರಾ ಗುಂಡಾಗಿ ಕುಂದರತೈತಿ. ನಾ ಹಂಗ ಒಂದು ಹಾಳು ಮಾಡೀನಿ, ಅಪ್ಪ ಆರು ತಿಂಗಳ ಮಾತಾಡ್ಸಲಿಲ್ಲ.

ತೋರಣಗಲ್ಲು ವೆಲ್ಡರ್
ಅದು ವೆಲ್ಡಿಂಗ್ ಅಲ್ಲ ತಮ್ಮ, ಬ್ರೇಜಿಂಗ್. ವೆಲ್ಡಿಂಗ್‌ನಾಗೆ ಮೂಲ ಲೋಹಾನೇ ಕರಗಿ ಬೆರೀಬೇಕು. ನಿಂದ್ರಲ್ಲಿ ನಡುವಿನದು ಮಾತ್ರ ಕರಗ್ತದೆ. 450 ಡಿಗ್ರಿ ಮೇಲಾದ್ರೆ ಬ್ರೇಜಿಂಗ್, ಕೆಳಗಾದ್ರೆ ಸೋಲ್ಡರಿಂಗ್.

ಪತ್ತಾರ ಮನಿ ಹುಡುಗ, ಕೊಪ್ಪಳ
ನೀವು ಏನರ ಅನ್ರಿ ಅಣ್ಣಾರ, ನಮ್ಮ ಮುತ್ಯಾ ಬೆಸುಗಿ ಅಂದಾನ. ನಿಮ್ಮದಕ್ಕ ಬ್ಯಾರೆ ಹೆಸರು ಹುಡುಕ್ಕೋರಿ.

ಲೈನ್‌ಮ್ಯಾನ್ ಲಿಂಗ
ಕರೆಂಟ್‌ನಾಗೆ ನಮ್ಮ ಪದ ‘ಜಂಪ್’, ಕಂಬದ ಮೇಲೆ ಒಂದು ತಂತಿಗೆ ಇನ್ನೊಂದು ತಂತಿ ಕೂಡಿಸೋ ತುಂಡು. ‘ಜಂಪ್ ಕಟ್ಟಾಗೈತೆ’ ಅಂದ್ರೆ ಊರಿಗೇ ಗೊತ್ತು, ಇನ್ನೆರಡು ತಾಸು ಕರೆಂಟ್ ಇಲ್ಲ ಅಂತ. ಜಾಯಿಂಟ್ ಸಡಿಲ ಇದ್ರೆ ಬಿಸಿ ಆಗ್ತದೆ, ಬಿಸಿ ಆದ್ರೆ ಇನ್ನಷ್ಟು ಸಡಿಲ ಆಗ್ತದೆ, ಆಮೇಲೆ ಸುಡ್ತದೆ. ಮೇಷ್ಟ್ರೇ, ಹುಡುಗ್ರಿಗೆ ಪದಕ್ಕಿಂತ ಮೊದ್ಲು ಇದನ್ನ ಹೇಳ್ರಿ: ತಾಮ್ರದ ವೈರಿಗೆ ಅಲ್ಯೂಮಿನಿಯಂ ವೈರು ಬರಿಗೈಲಿ ತಿರುಚಿ ಕರಿ ಟೇಪ್ ಸುತ್ತಬಾರ್ದು. ಒಂದು ಮಳೆಗಾಲಕ್ಕೆ ಕೊರೆದು ಹೋಗ್ತದೆ. ಅದಕ್ಕಂತ್ಲೇ ಒಂದು ಕಡೆ ತಾಮ್ರ, ಒಂದು ಕಡೆ ಅಲ್ಯೂಮಿನಿಯಂ ಇರೋ ಬೈಮೆಟಲ್ ಲಗ್ ಸಿಗ್ತವೆ.

ಹೊಲ ಮನಿ, ಸಿರುಗುಪ್ಪ
‘ಜಂಟಿ’ ಯಾಕೆ ಯಾರೂ ಹೇಳ್ತಿಲ್ಲ? ನಮ್ಮ ಪಹಣೀಲಿ ಅಣ್ಣತಮ್ಮಂದ್ರು ಐದು ಜನ ಜಂಟಿ. ಐದೂ ಜನ ಒಂದೇ ದಿನ ಒಂದೇ ಕಚೇರಿಗೆ ಬರೋ ಯೋಗ ಇನ್ನೂ ಕೂಡಿ ಬಂದಿಲ್ಲ.

ಗಡಿಗಿ ಚೆನ್ನಪ್ಪ ಸರ್ಕಲ್ ಗೆಳೆಯ
ಜಂಟಿ ಅಂದ್ರೆ ಇಂಗ್ಲಿಷ್‌ನ ಜಾಯಿಂಟೇ ಅಲ್ವಾ? ಜಾಯಿಂಟ್ ಡೈರೆಕ್ಟರ್, ಜಂಟಿ ನಿರ್ದೇಶಕರು. ಬ್ರಿಟಿಷರ ಕಾಲದಲ್ಲಿ ಬಾಯಿ ತಿರುಗದೆ ಜಂಟಿ ಆಗಿರ್ಬೇಕು.

ಅದ್ವಾನಿ ರಸ್ತೆ ಅಲ್ಲ, ಆದವಾನಿ ರಸ್ತೆ
ಅಲ್ಲವೇ ಅಲ್ಲ. ನಮ್ಮನೇಲಿ ತೆಲುಗು ಮಾತಾಡ್ತೀವಿ. ತೆಲುಗಿನಲ್ಲಿ ‘ಜಂಟ’ ಅಂದ್ರೆ ಜೋಡಿ. ಗಂಡ ಹೆಂಡ್ತಿ ಒಂದು ಜಂಟ, ಎತ್ತು ಎರಡು ಒಂದು ಜಂಟ. ಸಂಗೀತ ಕಲಿಯೋ ಮಕ್ಕಳು ಸಸ ರಿರಿ ಗಗ ಅಂತ ಹಾಡೋದು ಜಂಟಿ ವರಸೆ. ಅದನ್ನ ಯಾವ ಇಂಗ್ಲಿಷ್ ಕಲೆಕ್ಟರ್ ಬಂದು ಕಲಿಸಿದ? ಇಂಗ್ಲಿಷ್ ಪದಕ್ಕೂ ನಮ್ಮ ಪದಕ್ಕೂ ಸದ್ದು ಸರಿಹೊಂದಿದ್ದು ಅದೃಷ್ಟ. ಕಚೇರಿ ಗುಮಾಸ್ತರಿಗೆ ಅನುಕೂಲ ಆಯ್ತು.

ಗಡಿಗಿ ಚೆನ್ನಪ್ಪ ಸರ್ಕಲ್ ಗೆಳೆಯ
ಜಂಟಿ ವರಸೆ ಮರೆತೇ ಹೋಗಿತ್ತು. ಸೋತೆ. ನನ್ನ ತಂಗಿ ಮೂರು ವರ್ಷ ಅದನ್ನೇ ಹಾಡಿ ನಮ್ಮ ತಲೆ ತಿಂದಿದ್ದಾಳೆ.

ಮೈಸೂರಿಂದ ಬಂದವಳು
ಮೇಷ್ಟ್ರೇ, ನಿಮ್ಮ ಯೂನಿಯನ್ ಗಣಿತದಲ್ಲೂ ಇದೆ. ಎರಡು ಗಣ ಸೇರಿಸಿದರೆ ನಮ್ಮ ಪುಸ್ತಕದಲ್ಲಿ ‘ಗಣಗಳ ಸಂಯೋಗ’. ಹೈಸ್ಕೂಲಿನಲ್ಲಿ ಆ ಪಾಠ ಮಾಡುವ ದಿನ ಹಿಂದಿನ ಬೆಂಚು ಪಾಠ ಕೇಳುವ ಸ್ಥಿತಿಯಲ್ಲಿ ಇರುವುದಿಲ್ಲ ಅಂತ ಅಲ್ಲಿನ ಮೇಡಂ ಹೇಳ್ತಿದ್ದರು. ಸಂಯುಕ್ತ ಅಂದರೆ ಇನ್ನೂ ಗೊಂದಲ: ರಸಾಯನಶಾಸ್ತ್ರದಲ್ಲಿ ನೀರು ಸಂಯುಕ್ತ, ಕನ್ನಡದಲ್ಲಿ ಕ್ಷ ಸಂಯುಕ್ತಾಕ್ಷರ, ಸಮಾಜದಲ್ಲಿ ಅಮೆರಿಕ ಸಂಯುಕ್ತ ಸಂಸ್ಥಾನ.

ಹೊಲ ಮನಿ, ಸಿರುಗುಪ್ಪ
ನಗೋದ್ಯಾಕೆ? ಎಲ್ಲಾ ಯೋಗದ ಮಕ್ಕಳೇ. ಯೋಗ, ಸಂಯೋಗ, ವಿಯೋಗ.

ನಿವೃತ್ತ ಮಾಸ್ತರ, ರಾಯಚೂರು
ಸರಿಯಾಗಿ ಹೇಳಿದಿರಿ. ಮೂಲ ‘ಯುಜ್’, ಹೂಡುವುದು, ಕಟ್ಟುವುದು. ಯುಗ ಅಂದರೆ ಮೊದಲಿಗೆ ಎತ್ತಿನ ಹೆಗಲ ಮೇಲಿನ ನೊಗವೇ. ಇಂಗ್ಲಿಷಿನ ಯೋಕ್ ಕೂಡ ಅದೇ ಬೇರಿನದು. ಬೆಳಿಗ್ಗೆ ಎದ್ದು ಚಾಪೆ ಹಾಸಿ ಮಾಡುವ ಯೋಗವೂ ಹೊಲಕ್ಕೆ ಹೂಡುವ ಗಳೆಯೂ ದಾಯಾದಿಗಳು. ಚಾಪೆಯವರಿಗೆ ಹೇಳಿದರೆ ನಂಬುವುದಿಲ್ಲ.

ತೋಟದಾಂವ, ಕೊಪ್ಪಳ
ಬಿಚ್ಚಾಕ ಬರ್ತದೋ ಇಲ್ಲೋ ಅಂತ ವೆಲ್ಡರ್ ಅಣ್ಣ ಕೇಳಿದ್ದು ಬರೋಬರಿ ಐತಿ. ಆದ್ರ ಬೆಳಿಯೋ ಜಾಯಿಂಟಿಗೆ ಏನಂತೀರಿ? ನಮ್ಮದು ಕಸಿ. ಕೇಸರ್ ಮಾವಿಂದು. ವಾಟಿ ಹಾಕಿ ಎಬ್ಬಿಸಿದ ಸಸಿ ತುದಿ ಕೊಯ್ದು ನಡಕ ಸೀಳಬೇಕು. ಮ್ಯಾಲಿನ ಕಡ್ಡೀನ ಬೆಣಿ ಹಂಗ ಎರಡೂ ಕಡೆ ಹೆರೆದು ಅದರಾಗ ಕುಂದರಸಬೇಕು. ದಪ್ಪಕ್ಕ ದಪ್ಪ ಕೂಡಬೇಕು, ಅದಕ್ಕಿಂತ ಹೆಚ್ಚು ತೊಗಟಿ ಕೆಳಗಿನ ಹಸರು ಪದರಕ್ಕ ಹಸರು ಪದರ ಕೂಡಬೇಕು. ಒಂದು ಮಗ್ಗಲಿಗಾದ್ರೂ ಕೂಡ್ಲಿ. ಪ್ಲಾಸ್ಟಿಕ್ ಪಟ್ಟಿ ಬಿಗಿಯಾಗಿ ಸುತ್ತಿ ಕಾಯೋದು. ಚಿಗುರು ಬಂದ್ರ ‘ಕಸಿ ಹಿಡೀತು’ ಅಂತೀವಿ. ‘ಕೂಡಿತು’ ಅನ್ನಂಗಿಲ್ಲ, ‘ಸೇರಿತು’ ಅನ್ನಂಗಿಲ್ಲ, ಹಿಡೀತು. ಡಾಕ್ಟರು ಕಿಡ್ನಿ ಕಸಿ ಅಂತಾರಲ್ಲ, ಆ ಪದ ನಮ್ಮ ತ್ವಾಟದಿಂದ ಹೋಗಿದ್ದು.

ಮತ್ತ ಕಸಿ ಮಾಡಿದ್ರ ಒಂದಾಗಂಗಿಲ್ಲರಿ. ಇಪ್ಪತ್ತು ವರ್ಷದ ಗಿಡದಾಗೂ ಕಸಿ ಗಂಟು ಕಾಣತೈತಿ. ಗಂಟಿನ ಕೆಳಗ ಚಿಗುರು ಬಂತಂದ್ರ ಅದು ಕಾಡುಮಾವು, ಮುಲಾಜಿಲ್ಲದ ಚಿವುಟಬೇಕು.

ಮುನಿರಾಬಾದ್ ಮಂಜ
ಇದಕ್ಕೇ ನಾನು 371(ಜೆ) ವಿಚಾರ ಎತ್ತೋದು, ಸಂವಿಧಾನದಾಗೆ ನಮ್ಮ ಕಲ್ಯಾಣ ಕರ್ನಾಟಕಕ್ಕೆ ವಿಶೇಷ ಸ್ಥಾನ ಕೊಟ್ಟ ಕಲಮು. ನಾವೂ ಕಸಿ ಕಟ್ಟಿದ ಕೊಂಬೆ. ಬಳ್ಳಾರಿ ಮೈಸೂರಿಗೆ ಸೇರಿದ್ದು 1953ರ ಅಕ್ಟೋಬರ್ 1ಕ್ಕೆ, ಆಗ ಆದವಾನಿ, ಆಲೂರು, ರಾಯದುರ್ಗ ಕಡಿದು ಆಂಧ್ರಕ್ಕೆ ಹೋದವು. ರಾಯಚೂರು, ಕೊಪ್ಪಳ ಸೇರಿದ್ದು 1956ರ ನವೆಂಬರ್ 1ಕ್ಕೆ. ಗಂಟು ಇನ್ನೂ ಕಾಣ್ತದೆ.

ದೇವದುರ್ಗ ದೇವ್ರಾಣೆ
ಅದಕ್ಕೂ ಮೊದಲ 1948ರ ಸೆಪ್ಟೆಂಬರ್ 17 ಬಿಟ್ಟ್ರೆಲ್ಲ. ಹೈದರಾಬಾದ್ ವಿಮೋಚನೆ.

ಅದ್ವಾನಿ ರಸ್ತೆ ಅಲ್ಲ, ಆದವಾನಿ ರಸ್ತೆ
ವಿಮೋಚನೆ ಅಂತ ಒಬ್ರು, ವಿಲೀನ ಅಂತ ಒಬ್ರು, ಏಕೀಕರಣ ಅಂತ ಇನ್ನೊಬ್ರು. ವಿಮೋಚನೆ ಅಂದ್ರೆ ಬಿಡಿಸಿಕೊಳ್ಳೋದು. ವಿಲೀನ ಅಂದ್ರೆ ಸಕ್ಕರೆ ನೀರಲ್ಲಿ ಕರಗಿದ ಹಂಗೆ, ಸಕ್ಕರೆ ಕಾಣಬಾರ್ದು. ಏಕೀಕರಣ ಅಂದ್ರೆ ಬಿಡಿ ಬಿಡಿ ಇದ್ದದ್ದು ಒಂದಾಗೋದು. ಒಂದೇ ಸಂಗತಿಗೆ ಯಾರು ಯಾವ ಪದ ಬಳಸ್ತಾರೆ ನೋಡಿದ್ರೆ ಅವ್ರು ಎಲ್ಲಿ ನಿಂತು ಮಾತಾಡ್ತಿದಾರೆ ಅಂತ ಗೊತ್ತಾಗ್ತದೆ.

ಮುನಿರಾಬಾದ್ ಮಂಜ
ಬಳ್ಳಾರಿ ಆವಾಗ ನಿಜಾಮನ ಕೈಕೆಳಗೆ ಇರ್ಲಿಲ್ಲ, 1800ರಲ್ಲೇ ಬ್ರಿಟಿಷರಿಗೆ ಹೋಗಿ ಮದ್ರಾಸಿನಲ್ಲಿತ್ತು. ಆದ್ರೂ 371(ಜೆ)ನಲ್ಲಿ ಸೇರೈತೆ. ಇದಕ್ಕೆ ಯಾವ ಸಂಧಿ ಮಾಸ್ತರ್ರೆ?

ನಿವೃತ್ತ ಮಾಸ್ತರ, ರಾಯಚೂರು
ಆಗಮಸಂಧಿ. ಮೊದಲು ಇಲ್ಲದ ಅಕ್ಷರ ಹೊಸದಾಗಿ ಬಂದು ಸೇರುವುದು.

ಕೌಲ್‌ಬಜಾರ್ ಕಾಕಾ
ಹಹ್ಹಹ್ಹ. ಈ ವ್ಯಾಕರಣ ಒಪ್ಪಿದೆ. ಆದ್ರೆ ಬಳ್ಳಾರಿಯೋರಿಗೆ ಕೋಪ ಬಂದೈತೆ.

ವೇದಿಕೆ ನಿರ್ವಾಹಕ
ರಾಜಕೀಯ ಬೇಡ. ವಿಷಯ ಜಾಯಿಂಟ್.

ಭತ್ತದ ಗದ್ದೆ, ಸಿಂಧನೂರು
ಜಾಯಿಂಟಿಗೇ ಬರ್ತೀನಿ. ‘ಕೊಂಡಿ’ ಅನ್ನೋ ಪದ ಮರೀಬ್ಯಾಡ್ರಿ ಮೇಷ್ಟ್ರೇ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಡ್ಯಾಮಿನ 19ನೇ ಗೇಟಿನ ಸರಪಳಿ ಕೊಂಡಿ ಕಳಚ್ತು. 33 ಗೇಟಿನಾಗ ಒಂದು. ಗೇಟು ನೀರಾಗ ಕೊಚ್ಚಿ ಹೋತು. ಮರುದಿನ ಮುಂಜಾನಿ ನಮ್ಮೂರಾಗ ಚಾ ಅಂಗಡಿ ಮುಂದ ಜನ ನಿಂತಿದ್ರು, ಯಾರೂ ಚಾ ಕುಡೀಲಿಲ್ಲ. ಸಸಿ ಮಡಿ ತಯಾರಾಗಿತ್ತು. ಡ್ಯಾಂ ತುಂಬಿದ್ದು ನೋಡಿ ಎರಡು ಬೆಳಿ ಲೆಕ್ಕ ಹಾಕಿದ್ವಿ. ಆಮ್ಯಾಲ ಹರಿಯೋ ನೀರಾಗೇ ಸ್ಟಾಪ್‌ಲಾಗ್ ಅನ್ನೋ ಉಕ್ಕಿನ ತುಂಡು ಒಂದರ ಮ್ಯಾಲ ಒಂದು ಇಳಿಸಿ ನಿಲ್ಸಿದ್ರು. ಕ್ರೇನ್ ಇಳಿಸೋದನ್ನ ಮೊಬೈಲ್‌ನಾಗ ನೋಡ್ಕೋತ ನಮ್ಮಪ್ಪ ಊಟ ಬಿಟ್ಟು ಕುಂತಿದ್ದ.

ಆ ಕಟ್ಟಡ ಸಿಮೆಂಟಿನದಲ್ಲ ಗೊತ್ತೇನು? ಕಲ್ಲು, ನಡುವ ಸುಣ್ಣ-ಸುರ್ಕಿ ಗಾರಿ, ಸುರ್ಕಿ ಅಂದ್ರ ಇಟ್ಟಿಗಿ ಪುಡಿ. ಎಪ್ಪತ್ತು ವರ್ಷದಿಂದ ಗಾರಿ ಹಿಡಕೊಂಡು ನಿಂತದ. ಬಿಟ್ಟದ್ದು ಕಬ್ಬಿಣ.

ಗಡಿಗಿ ಚೆನ್ನಪ್ಪ ಸರ್ಕಲ್ ಗೆಳೆಯ
ಹಂಪಿ ಕೋಟೆ ಗೋಡೆಗೆ ಗಾರೆಯೂ ಇಲ್ಲ ಗುರು. ಕಲ್ಲಿಗೆ ಕಲ್ಲು ಕಚ್ಚಿಸಿ ಕೂರಿಸಿದ್ದಾರೆ. ಅದಕ್ಕೇನು ಪದ?

ಭತ್ತದ ಗದ್ದೆ, ಸಿಂಧನೂರು
ನೀವೇ ಹೇಳಿದ್ರಲ್ಲ, ಕಚ್ಚು.

ಹಾಸುಹೊಕ್ಕು, ಕುಷ್ಟಗಿ
ಕೆಲಸ ಮುಗೀತು, ಬಂದೆ.

ನಮ್ಮ ಪದ ‘ಕೆಚ್ಚು’. ಮಗ್ಗದ ಮ್ಯಾಲಿನ ಹಳೆ ಹಾಸು, ಅಂದ್ರ ಉದ್ದಕ್ಕ ಹೂಡಿದ ಎಳಿ, ಮುಗಿಯಾಕ ಬಂದಾಗ ಅದರ ಎಳಿ ತುದಿಗೆ ಹೊಸ ಹಾಸಿನ ಎಳಿ ತುದಿ ಹಚ್ಚಿ ಹೊಸೀಬೇಕು. ಗಂಟು ಹಾಕಂಗಿಲ್ಲ. ಗಂಟು ಹಾಕಿದ್ರ ಫಣಿ, ಅಂದ್ರ ಮಗ್ಗದ ಬಾಚಣಿಕಿ, ಅದರ ಹಲ್ಲಿನಾಗ ಸಿಗತೈತಿ. ಅವ್ವ ಬಲಗೈ ಹೆಬ್ಬಟ್ಟಿಗೆ, ತೋರುಬೆರಳಿಗೆ ಒಲಿ ಬೂದಿ ಮುಟ್ಟಿಸ್ಕೊಂಡು, ಎರಡೂ ತುದಿ ಹಿಡದು ಒಂದ ತಿರುವು. ಅಷ್ಟ. ಎಳೆದು ನೋಡು, ಬಿಡಂಗಿಲ್ಲ. ಸಾವಿರಾರು ಎಳಿ, ಒಂದೊಂದು ಹಿಂಗ. ಮುಂಜಾನಿ ಕುಂತ್ರ ಮಧ್ಯಾಹ್ನದ ಮ್ಯಾಲ ಏಳೋದು. ನಡುವ ಮಾತಾಡ್ಸಿದ್ರ ‘ಹ್ಞಾಂ’ ಅಂತಿದ್ಲು, ಕಣ್ಣು ಎತ್ತತಿದ್ದಿಲ್ಲ. ನಾ ಹತ್ತು ಎಳಿ ಕೆಚ್ಚಿದ್ರ ಅದ್ರಾಗ ಮೂರು ಬಿಚ್ಚತಿದ್ದುವು, ಅವ್ವ ಏನೂ ಅನ್ನದ ಮತ್ತ ಹೊಸೀತಿದ್ಲು.

ಇಳಕಲ್ ಸೀರಿದು ಇನ್ನೂ ಬ್ಯಾರೆ. ಒಡಲಿನ ಹಾಸು ಬ್ಯಾರೆ, ಸೆರಗಿನ ಹಾಸು ಬ್ಯಾರೆ. ಒಡಲು ಹತ್ತಿದು ಇರಬಹುದು, ಸೆರಗಿಂದು ಕೆಂಪು ರೇಶ್ಮಿ. ಒಡಲಿನ ಎಳಿ ಕುಣಕಿಯೊಳಗ ಸೆರಗಿನ ಎಳಿ ಕುಣಕಿ ಹಾಯಿಸಿ ಸಿಗಿಸ್ತೀವಿ, ಕೈಗೆ ಕೈ ಹಿಡಿದಂಗ. ಅದಕ್ಕ ಕೊಂಡಿ ಹಾಕೂದು ಅಂತೀವಿ. ಅದಕ್ಕ ಒಂದ ಹಾಸಿನಾಗ ಸೀರಿ ಮ್ಯಾಲ ಸೀರಿ ನೇಯಾಕ ಬರಂಗಿಲ್ಲ, ಒಂದೊಂದು ಸೀರಿಗೂ ಹೊಸದಾಗಿ ಹೂಡಬೇಕು. ಅಂಗಡ್ಯಾಗ ಸೆರಗು ಪ್ರಿಂಟ್ ಹೊಡದದ್ದು ತಗೊಂಡು ಇಳಕಲ್ ಅಂತ ಉಟ್ಕೋತೀರಲ್ಲ, ಸೆರಗು ಒಡಲು ಕೂಡೋ ಜಾಗ ತಿರುವಿ ನೋಡ್ರಿ. ಕೊಂಡಿ ಇಲ್ಲಂದ್ರ ನಮ್ಮದಲ್ಲ.

ಮೈಸೂರಿಂದ ಬಂದವಳು
ಈಗಷ್ಟೇ ಬೀರು ತೆಗೆದು ನೋಡಿದೆ. ಕೊಂಡಿ ಇದೆ! ಹನ್ನೊಂದು ವರ್ಷದಿಂದ ಉಡ್ತಿದ್ದೇನೆ, ಗೊತ್ತೇ ಇರಲಿಲ್ಲ.

ರೊಟ್ಟಿ ಬಡಿಯೋ ಅಕ್ಕ
ಗಂಡಸರೆಲ್ಲ ಕಬ್ಬಿಣ, ಹಳಿ, ಡ್ಯಾಂ ಅಂತೀರಿ. ಮುಂಜಾನೆದ್ದು ತಿನ್ನೋ ಜ್ವಾಳದ ರೊಟ್ಟಿ ಹೆಂಗ ಕೂಡತೈತಿ ಅಂತ ಯಾರರ ಕೇಳೀರೇನು? ಗೋದಿ ಹಂಗ ಜ್ವಾಳಕ್ಕ ತನ್ನ ಅಂಟಿಲ್ಲ. ಕುದಿಯೋ ಎಸರು ಹಾಕಿ, ಕೈ ಸುಟ್ಕೊಂಡು ನಾದಿದ್ರ ‘ಜಿಗಿ’ ಬರತೈತಿ. ಜಿಗಿ ಇಲ್ಲಂದ್ರ ಬಡಿಯೋವಾಗ ಅಂಚು ಒಡೀತಾವು. ಬರ್ಕೋರಿ ಮೇಷ್ಟ್ರ, ಜಿಗಿ.

ಮತ್ತ ಮನಷ್ಯಾರ ಜಾಯಿಂಟೂ ಬರ್ಕೋರಿ. ಲಗ್ನ ಅಂದ್ರ ‘ಅಂಟಿಕೊಂಡದ್ದು’ ಅಂತ ನಮ್ಮ ಮಾವ ಹೇಳ್ತಿದ್ರು, ಪಂಚಾಂಗ ಓದೋರು. ಎರಡನೇ ಸಲ ಮಾಡ್ಕೊಂಡ್ರ ಕೂಡಿಕಿ. ಮಗಳು ಕೊಟ್ಟ ಮನಿಯೋರು ಬೀಗರು. ಬೀಗ ಅಂದ್ರ ಬಾಗಲಕ್ಕ ಹಾಕೋದೂ ಹೌದಲ್ಲ, ಕೀಲಿ ಯಾರ ಕೈಯಾಗ ಇರತೈತಿ ಅಂತ ನಾ ಹೇಳಂಗಿಲ್ಲ.

ದೇವದುರ್ಗ ದೇವ್ರಾಣೆ
ಅಕ್ಕಾರ, ಬೀಗರು ಈ ವೇದಿಕಿ ಓದಂಗಿಲ್ಲ ಹೌದಲ್ಲ?

ಕಿನ್ನಾಳ ಕಡೆಯವ
ಅಂಟು ಅಂದಿದ್ದಕ್ಕ ಒಂದು ಮಾತು. ನಮ್ಮ ಕಿನ್ನಾಳ ಗೊಂಬಿ ಕೈ, ಕಾಲು, ಕಿರೀಟ ಬ್ಯಾರೆ ಬ್ಯಾರೆ ಕೆತ್ತಿ ಕೂಡಿಸ್ತಾರ. ಮೊಳಿ ಹೊಡದು ಅಲ್ಲ, ಹುಣಸಿ ಬೀಜದ ಅಂಟು. ಸೆಣಬಿನ ಚಿಂದಿ ನೆನೆಸಿ ಪುಡಿ ಮಾಡಿ, ಕಟ್ಟಿಗಿ ಹೊಟ್ಟು, ಹುಣಸಿ ಬೀಜದ ಅಂಟು ಕಲಸಿದ್ರ ಕಿಟ್ಟ. ಅದನ್ನ ಮೈತುಂಬ ಹಚ್ಚಿ, ಮ್ಯಾಲ ಅರಿವಿ ತುಣುಕು ಅಂಟಿಸಿ, ಆಮ್ಯಾಲ ಬಣ್ಣ. ಎಲ್ಲಿ ಕೂಡಿಸ್ಯಾರ ಅಂತ ಗೊತ್ತಾಗಬಾರ್ದು. ಇಳಕಲ್ ಅಣ್ಣಂದು ಉಲ್ಟಾ, ಅವರಿಗೆ ಗೊತ್ತಾಗಬೇಕು.

ವರ್ಕ್‌ಶಾಪ್ ಮೇಷ್ಟ್ರು, ಬಳ್ಳಾರಿ
ಅಬ್ಬಬ್ಬಾ. ಎರಡು ದಿನ ಒಳಗೆ ಬಂದಿರ್ಲಿಲ್ಲ, ಇಷ್ಟು ಬೆಳೆದೈತೆ. ಎಲ್ರಿಗೂ ಶರಣು.

ಹಳೇ ಹಾಳೆ ಹರಿದೆ. ವೆಲ್ಡರ್ ಅಣ್ಣನ ಪ್ರಶ್ನೆ ಇಟ್ಕೊಂಡು ಹೊಸದು ಬರ್ದೆ. ಮೇಲೆ ಟ್ರೇಡಿನ ಹೆಸರು ಹಾಕ್ಲಿಲ್ಲ. ‘ಬಿಚ್ಚೋಕೆ ಬರ್ತದೆ’ ಅಂತ ಒಂದು ಸಾಲು, ಅದ್ರಾಗೆ ಗಂಟು, ಕೊಂಡಿ, ಬೋಲ್ಟು. ‘ಬಿಚ್ಚೋಕೆ ಬರಲ್ಲ’ ಅಂತ ಒಂದು, ಅಲ್ಲಿ ಬೆಸುಗೆ, ಗಾರೆ, ಅಂಟು. ‘ಆಡ್ತದೆ’ ಅಂತ ಒಂದು, ಅದಕ್ಕೆ ಕೀಲು. ಕದದ ಹಿಂಜೂ ಕೀಲು, ಮೊಣಕಾಲೂ ಕೀಲು, ಮಾಸ್ತರ್ರ ಮೊಣಕಾಲಿನ ಕ್ಷಮೆ ಕೇಳಿ. ಕಸಿ ಎಲ್ಲೂ ಕೂರ್ಲಿಲ್ಲ, ಅಂಚಿನಾಗೆ ಬಿಡಿಯಾಗಿ ಬರ್ದೀನಿ. ಕೆಚ್ಚು ಯಾವ ಸಾಲಿಗೆ ಅಂತ ಹುಡುಗ್ರಲ್ಲಿ ಜಗಳ ನಡೀತಾ ಐತೆ, ನೇಕಾರರ ಹುಡುಗ ಒಬ್ಬ ಬೂದಿ ತಂದು ಮಾಡಿ ತೋರಿಸ್ತೀನಿ ಅಂದಾನೆ. ವೆಲ್ಡಿಂಗ್ ಅಂತ ಪಕ್ಕದಲ್ಲಿ ಬರ್ದೀನಿ ಅಣ್ಣ, ಹುಡುಗ್ರು ಮದುವೆ ಮನೆಗೆ ಹೋಗಲ್ಲ.

ಒಂದೇ ಉಳೀತು. ಪೈಪಿನ ಯೂನಿಯನ್‌ಗೆ ಏನ್ ಬರೀಲಿ? ಎರಡೂ ಪೈಪ್ ತಿರುಗಿಸದೇನೇ ನಡುವಿನ ನಟ್ ಬಿಚ್ಚಿದ್ರೆ ಬೇರೆ ಆಗ್ತದಲ್ಲ, ಅದು.

ಗಡಿಗಿ ಚೆನ್ನಪ್ಪ ಸರ್ಕಲ್ ಗೆಳೆಯ
ಬಿಚ್ಚುಗೂಟ!

ನಿವೃತ್ತ ಮಾಸ್ತರ, ರಾಯಚೂರು
ಅದು ಆದೇಶಸಂಧಿ, ಕಕಾರಕ್ಕೆ ಗಕಾರ ಬಂದಿದೆ. ವ್ಯಾಕರಣ ಶುದ್ಧವಾಗಿದೆ. ಕೇಳೋಕೆ ಮಾತ್ರ ಯಾವುದೋ ಗೂಟ ಕಿತ್ತಂತಿದೆ.

ಪ್ಲಂಬರ್ ಪೀರಾ
ಮೂವತ್ತು ವರ್ಷದಿಂದ ಪೈಪ್ ಕೆಲಸ ಮಾಡ್ತಾ ಇದೀನಿ ಮೇಷ್ಟ್ರೇ. ಯೂನಿಯನ್ ಅಂತಾನೇ ಬರೀರಿ. ಅಂಗಡಿಯೋನಿಗೆ ತಿಳೀಬೇಕು, ಇಲ್ಲಾಂದ್ರೆ ಹುಡುಗ ಎಲ್ಬೋ ತಗೊಂಡು ಬರ್ತಾನೆ. ಅರ್ಧ ಇಂಚಿಂದು ಕೇಳೋವಾಗ ಜಿಐ ಬೇಕೋ ಪಿವಿಸಿ ಬೇಕೋ ಹೇಳೋಕೆ ಕಲಿಸ್ರಿ, ಒಳಗೆ ವಾಷರ್ ಐತಾ ನೋಡ್ಕೊಂಡು ತಗೊಳ್ಳೋಕೆ ಹೇಳ್ರಿ.